ಮ್ಯಾಲ ಇರುವ ಕೇಸು

ಪುಣೆ
ತಾ. 11-2-2025

ಕೂಡಿದ ಸಭಾಸದರೇ, ಹಿಂದಿನ ಸಾಲಿನವರೇ, ಕಂಬಕ್ಕೆ ಆತು ನಿಂತವರೇ, ಎಲ್ಲರಿಗೂ ನಮಸ್ಕಾರ. ದೌಂಡದ ನಿಮ್ಮಣ್ಣನ ಮನೆಯಲ್ಲಿ ಇಷ್ಟು ಮಂದಿ ಇಲ್ಲ, ಇದನ್ನು ನೀನೊಬ್ಬಳೇ ಓದುತ್ತೀ ಎಂಬುದು ಗೊತ್ತು, ಅನುಸೂಯಾ. ಆದರೆ ಕಂಪನಿ ನಾಟಕದಲ್ಲಿ ಬೆಳೆದವನಿಗೆ ಹೆಂಡತಿಯ ಎದುರು ಬೇರೆ ರೀತಿ ಮಾತು ಶುರು ಮಾಡಲು ಬರುವುದಿಲ್ಲ.

ನೇರ ಕೇಳುತ್ತೇನೆ. ಕೋರ್ಟಿನ ತಾರೀಖಿದ್ದಾಗೆಲ್ಲ ನೀನು ದೌಂಡದಿಂದ ಬಂದು ಹೋಗುತ್ತೀಯಂತೆ. ನೀನು ಮನೆ ಬಿಟ್ಟ ಈ ಎಂಟು ತಿಂಗಳಲ್ಲಿ ಐದು ಸಲ. ನಮ್ಮ ವಕೀಲ ವಿಕಾಸ ನಿನ್ನೆ ಮಾತಿನ ನಡುವೆ, "ಕಾಕೂ ಒಂದು ತಾರೀಖೂ ತಪ್ಪಿಸಿಲ್ರೀ" ಎಂದು ನಿನ್ನ ಬಗ್ಗೆ ಅಂದ. ಕೋರ್ಟಿನಿಂದ ನಾವು ಬಾಡಿಗೆಗಿರುವ ವಾಡೆಯ ವಠಾರಕ್ಕೆ ನಡೆದರೆ ಕಾಲು ಗಂಟೆ. ಮನೆ ಬಾಗಿಲು ತಟ್ಟದೆ ಹೋಗುವವಳಿಗೆ ಕೋರ್ಟಿನಲ್ಲೇನು ಕೆಲಸ? ಮಾಲಕನ ಜೋಡಿ ರಾಜಿ ನಡೆಸಿದ್ದೀಯೋ? ಬಾಡಿಗೆ ಹಕ್ಕು ನಿನ್ನಪ್ಪನಿಂದ ನಿನ್ನ ಹೆಸರಿಗೆ ಬಂದದ್ದು. ನೀನು ಒಂದು ಸಹಿ ಹಾಕಿದರೆ ಸಾಕು, ನಾನು ಬೀದಿಗೆ.

ಈ ಸಂಶಯ ಇಂದಿನದಲ್ಲ. ಮನೆ ಖಾಲಿ ಮಾಡಿ ಎಂಬ ತೀರ್ಪಿನ ಮೇಲೆ ಅಪೀಲು ಹಾಕಿದೆವಲ್ಲ, ಅದರ ಮೊದಲ ತಾರೀಖು ಮುಗಿಸಿ ಬಂದು, ವಿಕಾಸ ಅಂದನೆಂದು ನೀನು ಹೇಳಿದ್ದು ನೆನಪಿದೆ: "ಮಗ್ಗಲ ಮನಿ ಬಾಳಕೃಷ್ಣಂದು ಇಂಥಾದ ಕೇಸು ಮ್ಯಾಲ ಅದ. ಅದು ಮುಗಿಯೂತನಕ ನಮ್ಮದು ಹಿಡಿಯಂಗಿಲ್ಲಂತ." ಮರುದಿನ ನಾನು ಕೋರ್ಟಿಗೆ ಹೋಗಿ ಮೇಲೆ ಹತ್ತಿದೆ. ಒಂದನೇ ಮಹಡಿ, ಎರಡನೇದು, ಮೂರನೇದು. ಯಾವ ಗುಮಾಸ್ತನ ಹತ್ತಿರವೂ ಬಾಳಕೃಷ್ಣನ ಹೆಸರಿಲ್ಲ. "ಇಥೆ ಕಾಹೀ ನಾಹೀ, ಕಾಕಾ", ಇಲ್ಲೇನೂ ಇಲ್ಲ ಎಂದು ಕೈಯಾಡಿಸಿದರು. ಖಾತ್ರಿಯಾಯಿತು: ಕೇಸು ಸುಳ್ಳು, ವಕೀಲ ಸುಳ್ಳು, ಹೆಂಡತಿ ಶಾಮೀಲು.

ಮನೆಗೆ ಬಂದು ನಾನು ಗರ್ಜಿಸಿದ್ದು ಇಡೀ ವಾಡೆಗೆ ಕೇಳಿಸಿತಂತೆ. ನೀನು ಚೀಲ ತುಂಬುತ್ತ, "ನಾಟಕದಾಗ ವಿಷಾ ಹಾಕಿದವರ ಹೆಸರೆಲ್ಲಾ ನಿಮಗ ಬಾಯಿಪಾಠ. ಮನ್ಯಾಗ ಅನ್ನಾ ಹಾಕಿದಾಕಿ ಹೆಸರು ಮರತೀರಿ" ಎಂದು ಹೇಳಿ ಹೊರಟುಹೋದೆ.

ನಿನ್ನೆ ಇದನ್ನೆಲ್ಲ ಕೇಳಿ ವಿಕಾಸ ಕುರ್ಚಿಯಿಂದ ಬೀಳುವಷ್ಟು ನಕ್ಕ. ಮ್ಯಾಲ ಅಂದರೆ ಮಹಡಿಯಲ್ಲವಂತೆ, ಮುಂಬೈ ಹೈಕೋರ್ಟಂತೆ. "ರಾಜನ ಪಾರ್ಟಿನಂವ ಬರೂತನಕ ಮಂತ್ರಿ ಮೀಸಿ ತಿರುವಿಕೋತ ನಿಂದರೂದಿಲ್ಲೇನ್ರಿ, ಕಾಕಾ? ಸಣ್ಣ ಕೋರ್ಟಿಂದೂ ಹಂಗ" ಅಂದ. ಹೋಲಿಕೆ ಸರಿಯೇ. ಆದರೂ ಅಷ್ಟು ನಗುವ ವಕೀಲನನ್ನು ನಾನು ಪೂರ್ತಿ ನಂಬುವುದಿಲ್ಲ. ನಿನ್ನನ್ನೂ. ಅಂದು ಬಾಯಿಬಿಟ್ಟು ಮುಂಬೈ ಅಂದಿದ್ದರೆ ನಿನ್ನ ಗಂಟೇನು ಹೋಗುತ್ತಿತ್ತು?

ಇರಲಿ. ಇನ್ನು ನಮ್ಮ ಅಪೀಲು ವಿಚಾರಣೆಗೆ ಬರುತ್ತದೆ. ಕಾಗದಪತ್ರಕ್ಕೆ ನಿನ್ನ ಸಹಿ ಬೇಕು. ಬಾ. ನೀನು ಬಂದರೆ ಮನೆ ಉಳಿಯುತ್ತದೆ.

ಇತಿ ನಿನ್ನ ಗಂಡ,
ಜಟ್ಟೆಪ್ಪ

ತಾ.ಕ.: ಕೊನೆಯ ಸಾಲು ಸುಳ್ಳು. ಮುಂಬೈಯ ತೀರ್ಪು ಬಂದಿದೆ, ಬಾಳಕೃಷ್ಣ ಸೋತ. ನಮ್ಮದೂ ಅದೇ ಹಾದಿ ಎಂದು ವಿಕಾಸ ಹೇಳಿದ, ಆಗ ಅವನು ನಗಲಿಲ್ಲ. ಸಹಿ ಕೇಳಿದರಾದರೂ ಬಂದೀಯೆಂದು ಹಾಗೆ ಬರೆದೆ. ಐದು ಸಲ ಯಾರ ಮನೆ ಉಳಿಸಲು ಬಂದೆ ಎಂದು ಇಡೀ ದಿನ ಕೂತು ಯೋಚಿಸಿದೆ. ಎಷ್ಟು ಅನುಮಾನಪಟ್ಟರೂ ಒಂದೇ ಉತ್ತರ ಸಿಕ್ಕಿತು: ನಾನಿರುವ ಮನೆ. ರೈಲ್ವೆಯ ಮಾಂತು ಇವತ್ತು ಸಂಜೆ ದೌಂಡಕ್ಕೆ ಡ್ಯೂಟಿಗೆ ಬರುತ್ತಾನೆ, ಈ ಪತ್ರ ಅವನ ಕೈಯಲ್ಲಿ ಕೊಡುತ್ತೇನೆ. ಓದಿದ ಮೇಲೆ ನೀನು ಅಲ್ಲಿ ಇರುತ್ತೀಯೋ ಇಲ್ಲವೋ ಎಂಬ ಸಂಶಯವೊಂದು ಉಳಿದಿದೆ. ಆದರೂ ನಾಳೆ ಮುಂಜಾನೆ ಮೊದಲ ಗಾಡಿಗೆ ನಾನೇ ಬಂದು, ನಿಮ್ಮಣ್ಣನ ಎದುರಿಗೇ ನಿನಗೆ ತಪ್ಪಾಯಿತು ಎಂದು ಹೇಳುತ್ತೇನೆ.