ಯಾರ ಬಾಯಿಯ ಮಾತು

ತಮ್ಮನಿಗೆ,

ಮೊದಲು ಆಶೀರ್ವಾದ ಅಂತ ಬರೆಯಬೇಕು, ಈ ಸಲ ಕೈ ಬರಲಿಲ್ಲ.

ನಿನ್ನ ಮಗಳ ಮದುವೆಯ ಹಳೆಯ ಸಿಡಿ ಈಗ ಯಾವುದರಲ್ಲೂ ಓಡುವುದಿಲ್ಲವೆಂದು ವಿಡಿಯೊ ಅಂಗಡಿಯವನಿಗೆ ಕೊಟ್ಟು ಮೊಬೈಲಿಗೆ ಹಾಕಿಸಿಕೊಂಡೆ. ನನಗೆ ಕಿವಿ ಸರಿಯಾಗಿ ಕೇಳಿಸುವುದಿಲ್ಲವಲ್ಲ, ಆಡಿದ ಮಾತನ್ನೆಲ್ಲ ಕೆಳಗೆ ಅಕ್ಷರದಲ್ಲಿ ಬರೆಸಿದ್ದೆ. ‘ಈ ಕಿವುಡೀನ ಮುಂದಿನ ಸಾಲಲ್ಲಿ ಯಾರು ಕೂರಿಸಿದ್ದು? ಹಿಂದಕ್ಕೆ ಕಳಿಸ್ರೋ’ ಎಂಬುದು ನಿನ್ನ ಹೆಂಡತಿ ಬಾಯಿ ತೆರೆದಾಗ ಬಂತು. ಅವತ್ತೇ ನಿಮ್ಮ ಮನೆಗೆ ಬಂದು, ನಿಮ್ಮಿಬ್ಬರ ಮುಂದೆ ಆ ಮಾತನ್ನೇ ಹೇಳಿ, ‘ನನ್ನ ಕೈಯಲ್ಲೇ ಉಂಡು ನನ್ನ ಮನೆ ಜಂತೆ ಎಣಿಸ್ತೀಯೇನೇ?’ ಎಂದು ಅವಳನ್ನು ಬಾಯಿಗೆ ಬಂದ ಹಾಗೆ ಬೈದೆ. ಅವಳು ಅತ್ತಳು. ನೀನು ಪಕ್ಕದಲ್ಲೇ ಕೂತು ಪೇಪರ್ ತಿರುವಿದೆ.

ನಿನ್ನೆ ಅಂಗಡಿಯವನು ಬಂದು, ‘ಅಮ್ಮಾ, ಅಕ್ಷರ ಚಿತ್ರಕ್ಕಿಂತ ತಡವಾಗಿ ಬರ್ತಿತ್ತು, ಈಗ ಸರಿ ಮಾಡಿದೀನಿ’ ಎಂದು ಕಿವಿಯ ಹತ್ತಿರ ಕೂಗಿ ಹೇಳಿದ. ಈಗ ಆ ಮಾತು ನಿನ್ನ ಬಾಯಿಗೆ ಸರಿಯಾಗಿ ಕೂರುತ್ತದೆ.

ಕಿವುಡಿ ಅಂದದ್ದನ್ನು ನುಂಗಿಕೊಂಡೇನು, ಅದು ಸುಳ್ಳಲ್ಲ. ಆಡಿದವನು ನೀನೆಂದು ಗೊತ್ತಿದ್ದೂ ಅವಳನ್ನು ಬೈಸಿಕೊಳ್ಳಲು ಬಿಟ್ಟೆಯಲ್ಲ, ನಿನ್ನನ್ನು ಎತ್ತಿ ಆಡಿಸಿದ ಕೈಗೆ ನಾಚಿಕೆಯಾಗುತ್ತಿದೆ.

ಭಾನುವಾರ ಅವಳನ್ನು ಕಳಿಸು. ಎದುರಿಗೆ ಕೂರಿಸಿಕೊಂಡು ನಾನೇ ತಪ್ಪಾಯಿತು ಅನ್ನಬೇಕು. ನೀನು ಗೇಟಿನ ಹೊರಗೇ ನಿಂತಿರು.

ನಿನ್ನ ಅಕ್ಕ