ನನ್ನದೇ ಫೋಟೋಗೆ ಊದುಬತ್ತಿ

ಪ್ಲೋವ್ದಿವ್, ಬಲ್ಗೇರಿಯ

ಅಕ್ಕಾ,

ಪ್ರಾಗ್ ಬಿಟ್ಟು ಇಲ್ಲಿ ಶೂಟಿಂಗಿಗೆ ಬಂದಿದ್ದೇನೆ. ಇಷ್ಟು ವರ್ಷ ಸಿನಿಮಾಗಳಲ್ಲಿ ಚೀನೀ ಅಡುಗೆಯವ, ಜಪಾನೀ ಡಾಕ್ಟರ್ ಆಗಿದ್ದವನಿಗೆ ಕೊನೆಗೂ ನಮ್ಮ ವಿಯೆಟ್ನಾಮಿನವನ ಪಾತ್ರ ಸಿಕ್ಕಿದೆ, ಅದೂ ಸತ್ತವನದು. ಸೆಟ್ಟಿನಲ್ಲಿ ಗತಿಸಿದ ಹಿರಿಯರ ಪೂಜಾಪೀಠದ ಮೇಲೆ ನನ್ನ ಫೋಟೋ, ಮುಂದೆ ಎರಡೇ ಊದುಬತ್ತಿ! ನಮ್ಮಲ್ಲಿ ಬೆಸ ಸಂಖ್ಯೆಯಲ್ಲೇ ಹಚ್ಚಬೇಕಲ್ಲವೇ? ಕೈ ಸುಮ್ಮನಿರಲಿಲ್ಲ. ಮೂರನೆಯದನ್ನೂ ಹಚ್ಚಿ ಕೈಮುಗಿದುಬಿಟ್ಟೆ.

“ಅಯ್ಯೋ ಖಿಯೆಮ್, ಸತ್ತಿರೋದು ನೀವೇ ಕಣ್ರೀ!” ಎಂದು ನಿರ್ದೇಶಕಿ ರಾದ್ಕಾ ನಕ್ಕರು. ನನಗೆ ಆ ಫೋಟೋದಲ್ಲಿ ಕಂಡದ್ದು ತೀರಿಹೋದ ಅಪ್ಪನ ಮುಖ. ಕೈಮುಗಿದದ್ದು ಯಾರಿಗೋ, ಇನ್ನೂ ಗೊತ್ತಾಗುತ್ತಿಲ್ಲ.

ಆಮೇಲೆ ಫೋಟೋ ಮುಂದೆ ಎಡೆಯಿಟ್ಟಿದ್ದ ಕಿತ್ತಳೆಯನ್ನೂ ನನಗೇ ಕೊಟ್ಟರು. ಸತ್ತವನ ಪಾಲೋ, ಮನೆಯವರ ಪಾಲಿನ ಪ್ರಸಾದವೋ ತಿಳಿಯದೆ ತಿಂದೆ. ಸಿಹಿಯಾಗಿತ್ತು.

ಮಂಡಿನೋವು ಇಳಿದಿದೆ. ಈ ಕಾರ್ಡು ಅಮ್ಮನ ಕೈಗೆ ಸಿಗದಿರಲಿ, ಮಗನ ಫೋಟೋಗೆ ಊದುಬತ್ತಿ ಎಂದರೆ ಅಪಶಕುನವೆಂದು ಹೆದರುತ್ತಾಳೆ. ತಿಂದದ್ದು ತಪ್ಪಾಯಿತೇ ಎಂದು ಅಪ್ಪನ ಫೋಟೋ ಮುಂದೆ ಊದುಬತ್ತಿ ಹಚ್ಚಿ ನೀನೇ ಕೇಳಿ ಬರೆ.

ಶೂಟಿಂಗಿಗೆ ಕರೆಯುತ್ತಿದ್ದಾರೆ,
ತಮ್ಮ ಖಿಯೆಮ್