ಮನೇಲಿ ಕೇಳಿ ಹೇಳ್ತೀನಿ

ಭಾನುವಾರ, ಜೂನ್ ೧೨

ಪ್ರೀತಿಯ ಅತ್ತಿಗೆಗೆ,

ನಾನು ಕ್ಷೇಮ. ನಿಮ್ಮ ಪತ್ರ ಬಂದು ವಾರಗಳೇ ಆದವು, ಬೈಯಬೇಡಿ. "ಒಂದ್ಸಲ ತಪ್ಪಾಯ್ತು ಅಂದ್ಬಿಡು, ನಿಮ್ಮಣ್ಣನ್ನ ನಾನು ಒಪ್ಪಿಸ್ತೀನಿ, ಮನೆಗೆ ಬಾ" ಎಂದು ಬರೆದಿದ್ದೀರಿ. ಬರಲಾರೆ ಎಂಬುದು ಓದಿದಾಗಲೇ ಗೊತ್ತಿತ್ತು. ಆದರೆ ನಿಮಗೆ ಇಲ್ಲ ಅನ್ನಲು ಮಾತೇ ಸಿಗಲಿಲ್ಲ, ಅದಕ್ಕೇ ತಡ.

ಕನ್ನಡಕದ ಅಂಗಡಿಯಲ್ಲಿ ಕೆಲಸ ಸಿಕ್ಕಿದೆ. ಮೊದಲ ದಿನದ ಕಥೆ ಕೇಳಿ. ಒಬ್ಬ ಹೆಂಗಸು ಎರಡು ಫ್ರೇಮುಗಳನ್ನು ಹಾಕಿ ತೆಗೆದು, "ಯಾವ್ದು ಒಪ್ಪುತ್ತೆ ಹೇಳಮ್ಮಾ" ಎಂದರು. ನನ್ನ ಬಾಯಿಂದ ತಾನಾಗಿಯೇ ಬಂತು: "ಮನೇಲಿ ಕೇಳಿ ಹೇಳ್ತೀನಿ!" ಅಂಗಡಿಗೆ ಅಂಗಡಿಯೇ ಗೊಳ್ಳೆಂದು ನಕ್ಕಿತು. ಯಜಮಾನರು ಮಾತ್ರ ನಗದೆ, "ಮುಖ ಅವರದು, ನೋಡೋ ಕಣ್ಣು ನಿಂದು. ಮಧ್ಯೆ ನಿಮ್ಮ ಮನೆಯವರಿಗೇನಮ್ಮಾ ಕೆಲಸ?" ಎಂದರು. ಭೂಮಿ ಬಾಯಿಬಿಡಬಾರದೇ ಎನಿಸಿತು. ಇಷ್ಟು ವರ್ಷ ನನ್ನ ಚಪ್ಪಲಿಯನ್ನೂ ಅಪ್ಪ, ಅಣ್ಣ ಸೇರಿ ಆರಿಸಿದವರು. ಯಾರಾದರೂ ಕೇಳಿದ್ದರೆ ತಾನೇ ಹೇಳಿ ಅಭ್ಯಾಸ!

ಈಗ ನೋಡಬೇಕು ನನ್ನನ್ನು. ಮೊನ್ನೆ ವಕೀಲರೊಬ್ಬರು ದಪ್ಪ ಕಪ್ಪು ಫ್ರೇಮ್ ಹಾಕಿಕೊಂಡು ಕನ್ನಡಿ ಬಿಟ್ಟು ಕದಲಲೇ ಇಲ್ಲ. "ಬೇಡ ಸಾರ್, ಗೂಬೆ ಥರ ಕಾಣ್ತೀರಿ" ಎಂದುಬಿಟ್ಟೆ. ದುರುಗುಟ್ಟಿ ನೋಡಿದರು. ಆಮೇಲೆ ನಾನು ಆರಿಸಿದ್ದನ್ನೇ ಹಾಕಿಕೊಂಡು ಹೋದರು.

ಕೋಣೆ ಚಿಕ್ಕದು, ಕಿಟಕಿ ತೆರೆದರೆ ಎದುರುಮನೆಯ ಗೋಡೆ. ಆದರೂ ತೆರೆಯುವವಳು ನಾನು, ಮುಚ್ಚುವವಳೂ ನಾನೇ. ಅಡುಗೆ ಸೀದುಹೋದರೆ ನನ್ನನ್ನು ನಾನೇ ಬೈದುಕೊಂಡು ಊಟ ಮಾಡುತ್ತೇನೆ. ಸುಖವಾಗಿದ್ದೇನೆ ಅತ್ತಿಗೆ, ನಂಬಿ. ತಪ್ಪು ಮಾಡಿಲ್ಲ, ಆದ್ದರಿಂದ ತಪ್ಪಾಯ್ತು ಎನ್ನಲಾರೆ. ನೋಡುವ ಮನಸ್ಸಾದರೆ ಅಣ್ಣನೇ ಬರಲಿ, ಚಹಾ ಮಾಡಿಕೊಡುತ್ತೇನೆ.

ನಿಮ್ಮ ಪುಟ್ಟಿಯ ಕೆನ್ನೆಗೆ ಈ ಅತ್ತೆಯ ಮುತ್ತು. ಏನು ಬೇಕು ಅಂತ ಅವಳನ್ನು ಕೇಳುತ್ತಿರಿ, ಉತ್ತರ ಹೇಳುವವರೆಗೂ ಕಾಯಿರಿ. ನಿಮ್ಮೆಲ್ಲರಿಗೂ ಒಳ್ಳೆಯದಾಗಲಿ.

ನಿಮ್ಮ ಮೊಂಡು ನಾದಿನಿ

ವಿ.ಸೂ.: ಇದನ್ನು ಯಾರಿಗೂ ಹೇಳಿಲ್ಲ. ನಾನು ಕದ್ದು ಓಡಿಹೋದೆ ಎಂದು ಎಲ್ಲರೂ ಅಂದುಕೊಂಡಿದ್ದೀರಿ. ಹಾಡಹಗಲೇ ಪೆಟ್ಟಿಗೆ ಹಿಡಿದು ಅಪ್ಪನ ಮುಂದೆಯೇ ಹಾದುಬಂದೆ. ನೀರು ಕುಡಿಯಲು ಎದ್ದರೂ "ಎಲ್ಲಿಗೆ?" ಎನ್ನುತ್ತಿದ್ದ ಅಪ್ಪ ಅವತ್ತು ಪೇಪರಿನಿಂದ ತಲೆ ಎತ್ತಲಿಲ್ಲ. ಚಪ್ಪಲಿ ಹಾಕಿಕೊಳ್ಳುವ ನೆಪದಲ್ಲಿ ಎಷ್ಟೋ ಹೊತ್ತು ಬಾಗಿಲಲ್ಲೇ ನಿಂತಿದ್ದೆ. ಒಂದೇ ಒಂದು ಸಲ ಕೇಳಿದ್ದರೆ ಸಾಕಿತ್ತು, ಅತ್ತಿಗೆ.